ಕಂಬ ಬಿದ್ದಾಗ ಕಿರುಚದ ಕ್ಯಾಪ್ಟನ್

ಮಲ್ಪೆಯ ದೋಣಿಗಳ ನಡುವೆ ಬೆಳೆದವನಿಗೆ ಸಮುದ್ರದ ಭಯವೇನು ಎಂಬ ಜಂಬದಲ್ಲೇ ಆ ರೇಸಿನ ಯಾಟ್ ಹತ್ತಿದ್ದೆ. ಎಂಬತ್ತರ ದಶಕ, ಸ್ಯಾನ್ ಫ್ರಾನ್ಸಿಸ್ಕೋ ಕೊಲ್ಲಿಯ ಹಾಯಿದೋಣಿಗಳ ಬಗ್ಗೆ ಡಾಕ್ಯುಮೆಂಟರಿ ಮಾಡುತ್ತಿದ್ದೆವು, ಕ್ಯಾಮೆರಾ ನನ್ನದು. ಗೋಲ್ಡನ್ ಗೇಟ್ ಸೇತುವೆ ದಾಟುತ್ತಿದ್ದಂತೆ ಗಾಳಿ ಎದ್ದಿತು. ಮನೆಗಿಂತ ಎತ್ತರದ ಹಾಯಿಕಂಬ ಕಬ್ಬಿನ ಜಲ್ಲೆಯ ಹಾಗೆ ಲಟಕ್ಕನೆ ಮುರಿದು ನೀರಿಗೆ ಬಿತ್ತು. ನಾನು ಅಯ್ಯಯ್ಯೋ ಎಂದು ಕಿರುಚಿದೆ. ಬೆರಳು ಮಾತ್ರ ಕ್ಯಾಮೆರಾದ ಗುಂಡಿ ಬಿಟ್ಟಿರಲಿಲ್ಲ. ಚುಕ್ಕಾಣಿ ಹಿಡಿದಿದ್ದ ಕ್ಯಾಪ್ಟನ್ ಮಾರ್ಗರೆಟ್, ಕೈಜಾರಿ ಲೋಟ ಬಿತ್ತಷ್ಟೇ ಎಂಬಂತೆ, “ಎಲ್ಲರೂ ಇದ್ದೀರಾ? ಸರಿ, ಕಂಬದ ಹಗ್ಗ ಕತ್ತರಿಸಿ” ಎಂದರು.

ಅಲೆ ಬಡಿದು ಕ್ಯಾಮೆರಾದೊಳಗೆಲ್ಲ ಉಪ್ಪುನೀರು. ದಡ ಸೇರಿ ಫೋನ್ ಮಾಡಿದರೆ ಫಿಲ್ಮ್ ತೊಳೆಯುವ ಲ್ಯಾಬಿನವರು, “ಫಿಲ್ಮ್ ಒಣಗಲು ಬಿಡಬೇಡಿ, ಸಿಹಿನೀರಲ್ಲೇ ಮುಳುಗಿಸಿ ತನ್ನಿ” ಎಂದರು. ಫಿಲ್ಮಿನ ಡಬ್ಬಿಯನ್ನು ಬಕೆಟ್ಟಿನಲ್ಲಿ ಮುಳುಗಿಸಿ, ಫ್ರೀವೇ ಉದ್ದಕ್ಕೂ ತೊಡೆಯ ಮೇಲಿಟ್ಟುಕೊಂಡು ಎಮರಿವಿಲ್‌ನ ಆ ಲ್ಯಾಬಿಗೆ ಒಯ್ದೆ.

ವಾರದ ನಂತರ ಲ್ಯಾಬಿನ ಪರದೆಯ ಮೇಲೆ ಅದೇ ಕಂಬ, ಸದ್ದೇ ಇಲ್ಲದೆ, ನಮ್ಮ ತಲೆಯ ಮೇಲೇ ಬಾಗಿ ಬಂತು. ಪಕ್ಕದಲ್ಲಿದ್ದ ಮಾರ್ಗರೆಟ್ ನನ್ನ ತೋಳು ಹಿಡಿದು ಕಿಟಾರನೆ ಕಿರುಚಿದರು.

“ಅಷ್ಟು ದೊಡ್ಡದಿತ್ತಾ ಅದು?” ಎಂದರು. “ಆವತ್ತು ನಾನು ಕಂಬ ನೋಡಲೇ ಇಲ್ಲ. ನಿಮ್ಮನ್ನೆಲ್ಲ ನೋಡ್ತಿದ್ದೆ.”

ನಮ್ಮ ಮೂಕ ಫಿಲ್ಮಿಗೆ ಬೇಕಿದ್ದ ಸದ್ದು ಆ ಕೋಣೆಯಲ್ಲಿತ್ತು. ಸೌಂಡ್ ರೆಕಾರ್ಡರ್ ಮಾತ್ರ ಮನೆಯಲ್ಲಿತ್ತು.