ಕೊಟ್ರೇಶಣ್ಣನ ತಡವಾದ ಅರ್ಜಿ

ಸರ್ಕಾರ ಮಾಸ್ತರಿಕೆಗೆ ಅರ್ಜಿ ಕರೆದರೆ ಸಾಕು, ನಮ್ಮ ಕೊಟ್ರೇಶಣ್ಣನಿಗೆ ಹೊಟ್ಟೆ ಬರುತ್ತಿತ್ತು. ಹಗರಿಬೊಮ್ಮನಹಳ್ಳಿಯ ನಮ್ಮ ಓಣಿಯ ಹುಡುಗ ಹುಡುಗಿಯರ ಅರ್ಜಿಗಳನ್ನೆಲ್ಲ ಪ್ಲಾಸ್ಟಿಕ್ ಹಾಳೆಯಲ್ಲಿ ಸುತ್ತಿ, ಅಂಗಿಯೊಳಗೆ ಹೊಟ್ಟೆಗೆ ಟವೆಲಿನಿಂದ ಬಿಗಿದುಕೊಂಡು ಬಳ್ಳಾರಿ ಬಸ್ಸು ಹತ್ತುತ್ತಿದ್ದ. ಮೊದಲೇ ಕಡ್ಡಿಯಂಥ ಆಳು. ಬಸ್ಸಿನಲ್ಲಿ ಹೆಂಗಸರು ಮುಸಿಮುಸಿ ನಗುತ್ತಿದ್ದರು.

"ಚೀಲದಾಗ ಇಟ್ಕೊಂಡು ಹೋಗಬಾರ್ದೇನಣ್ಣಾ?" ಎಂದರೆ, "ಚೀಲ ಆದ್ರ ಮರ್ತು ಇಳದೇನು ತಂಗಿ, ಹೊಟ್ಟಿ ಮರ್ತು ಇಳಿಯಾಕ ಆಗಂಗಿಲ್ಲ" ಎನ್ನುತ್ತಿದ್ದ.

ಕಚೇರಿಯಲ್ಲಿ ಒಂದೊಂದಕ್ಕೂ ಮುದ್ರೆ ಒತ್ತಿಸಿಕೊಳ್ಳದೆ ಜಪ್ಪಯ್ಯ ಎಂದರೂ ಹೊರಗೆ ಬರುತ್ತಿರಲಿಲ್ಲ. ನನ್ನ ಅರ್ಜಿಯೂ ಅವನ ಹೊಟ್ಟೆಯ ಮೇಲೆಯೇ ಹೋಯಿತು. ನಾನೀಗ ಕೂಡ್ಲಿಗಿ ಕಡೆಯ ಸರ್ಕಾರಿ ಶಾಲೆಯಲ್ಲಿ ಟೀಚರಮ್ಮ.

ಅವನು ಮಾತ್ರ ಆಗಲಿಲ್ಲ. ತೊಂಬತ್ತರ ದಶಕದಲ್ಲಿ, ನನಗಿಂತ ಮೊದಲು ಅವನು ಹಾಕಿದ್ದ ಅರ್ಜಿ ಕೊನೆಯ ದಿನಾಂಕದ ಮಾರನೆಯ ದಿನ ಕಚೇರಿಗೆ ತಲುಪಿತ್ತು. ಅದಕ್ಕೆ ಕಾರಣ ಅವನ ತಾಯಿ ಗಂಗವ್ವ. ಅವರ ಮನೆಯಲ್ಲಿ ಬಿತ್ತುವ ಬೀಜವಿರಲಿ, ಲಗ್ನಪತ್ರಿಕೆಯಿರಲಿ, ಮೊದಲು ಮೈಲಾರಕ್ಕೆ ಹೋಗಿ ದೇವರ ಭಂಡಾರದ ಅರಿಶಿನ ಹಚ್ಚಿಸಿಕೊಂಡು ಬರಬೇಕು. ಅರ್ಜಿ ಬುಧವಾರವೇ ತಯಾರಾಗಿತ್ತು. ಗಂಗವ್ವ ಅದನ್ನು ದೇವರ ಜಗಲಿಯ ಮೇಲೆ ಇಟ್ಟು, "ಐತವಾರ ಮೈಲಾರಲಿಂಗನ ವಾರ. ಅವತ್ತು ಒಯ್ದು ಭಂಡಾರ ಹಚ್ಚಿಸ್ಕೊಂಡು ಬರ್ತೀನಿ, ಆಮ್ಯಾಲ ಹಾಕೀಯಂತ" ಎಂದಳು. ಅವ್ವನ ಮಾತು ಮೀರುವ ಮಗನಲ್ಲ ಅವನು. ಸೋಮವಾರ ಓಣಿಯ ಅಂಚೆಪೆಟ್ಟಿಗೆಗೆ ಹಾಕಿದ. ಮಂಗಳವಾರ ಕೊನೆಯ ದಿನವಾಗಿತ್ತು.

ಕೂಡ್ಲಿಗಿ, ಹರಪನಹಳ್ಳಿ ಕಡೆಯ ಇನ್ನೂ ಕೆಲವರ ಅರ್ಜಿಗಳು ತಡವಾಗಿದ್ದವು. ಎಲ್ಲರೂ ಸೇರಿ ಬೆಂಗಳೂರಿನ ನ್ಯಾಯಮಂಡಳಿಗೆ ಹೋದರು. ಅಲ್ಲಿ ನಡೆದದ್ದನ್ನು ಕೊಟ್ರೇಶಣ್ಣ ನನ್ನೊಬ್ಬಳಿಗೇ ಹೇಳಿದ್ದ. ಅವನ ಲಕೋಟೆಯ ಮೇಲಿನ ಅಂಚೆ ಮುದ್ರೆ ಮಸುಕಾಗಿ ತಾರೀಖು ಕಾಣುತ್ತಿರಲಿಲ್ಲವಂತೆ. "ಗುರುವಾರವೇ ಪೋಸ್ಟ್ ಮಾಡಿದೆ ಅಂತ ಪ್ರಮಾಣಪತ್ರ ಕೊಡಿ, ಅಂಚೆಯಲ್ಲಿ ತಡವಾಯ್ತು ಅಂತ ವಾದ ಮಾಡ್ತೀನಿ" ಎಂದರಂತೆ ವಕೀಲರು.

"ಗುರುವಾರ ಅದು ನಮ್ಮನಿ ಜಗಲಿ ಮ್ಯಾಲಿತ್ರಿ ಸಾಹೇಬ್ರ. ಭಂಡಾರ ಹಚ್ಚಿದ ಕಾಗದದ ಮ್ಯಾಲ ಸುಳ್ಳು ಹೆಂಗ ಹೇಳ್ಲಿ?"

"ಹಾಗಾದ್ರೆ ನಿಮ್ಮ ತಾಯಿಯಿಂದಾನೇ ನಡೆದದ್ದು ಬರೆಸೋಣ."

"ಅದಂತೂ ಬ್ಯಾಡ್ರಿ. ನಮ್ಮವ್ವಗ ಗೊತ್ತಾಗಬಾರ್ದು."

ವಕೀಲರು ಹಣೆ ಚಚ್ಚಿಕೊಂಡಿರಬೇಕು. ಕೇಸು ವರ್ಷಗಟ್ಟಲೆ ಎಳೆಯಿತು. ಮೊದಲೇ ರಿಜಿಸ್ಟರ್ ಮಾಡಿ ರಸೀದಿ ಇಟ್ಟುಕೊಂಡಿದ್ದವರಿಗೆ ನ್ಯಾಯ ಸಿಕ್ಕಿತು. ಇವನ ಅರ್ಜಿ ವಜಾ ಆಯಿತು. ಅಷ್ಟರಲ್ಲಿ ಇವನ ವಯೋಮಿತಿಯೂ ಮುಗಿದಿತ್ತು. ಅವನ ಅಂಕಗಳಿಗೆ ಕೆಲಸ ಖಂಡಿತ ಸಿಗುತ್ತಿತ್ತು. ಆ ಹಾಳು ಪ್ರಾಮಾಣಿಕತೆಯ ಮೇಲಿನ ನನ್ನ ಸಿಟ್ಟು ಇಂದಿಗೂ ಇಳಿದಿಲ್ಲ.

ತಮಾಷೆ ನೋಡಿ, ನ್ಯಾಯಾಧೀಶರ ಮುಂದೆ ಹೇಳಲಾರದ ಸುಳ್ಳನ್ನು ಈ ಮಹಾರಾಯ ಮನೆಯಲ್ಲಿ ದಿನಾ ಹೇಳುತ್ತಿದ್ದ. ಅಂಚೆಯವರೇ ತಡ ಮಾಡಿದರೆಂದು ಅವ್ವನನ್ನು ನಂಬಿಸಿದ್ದ. ನಮ್ಮ ಓಣಿಯ ಪೆಟ್ಟಿಗೆ ತೆರೆದು ಕಾಗದ ಒಯ್ಯುತ್ತಿದ್ದವರು ಪೋಸ್ಟ್‌ಮನ್ ಹುಸೇನ್ ಚಾಚಾ. ಅವರ ಸೈಕಲ್ ಕಂಡರೆ ಗಂಗವ್ವ ಹೊಸ್ತಿಲಲ್ಲಿ ನಿಂತು ಶುರುಮಾಡುತ್ತಿದ್ದಳು. "ಬಂದ ನೋಡ್ರಿ, ನನ್ನ ಮಗನ ಅನ್ನ ಕಸ್ಕೊಂಡಾವ!" ಚಾಚಾ ತಲೆ ತಗ್ಗಿಸಿ ಕಾಗದ ಕೊಟ್ಟು ಹೋಗುತ್ತಿದ್ದರು.

ಒಂದು ಸಂಜೆ ನನ್ನೆದುರಿಗೇ ಕೊಟ್ರೇಶಣ್ಣ ಅವರ ಎರಡೂ ಕೈ ಹಿಡಿದುಕೊಂಡ. "ನಿಮ್ಮ ಹೆಸರು ಕೆಡಿಸೀನಿ ಚಾಚಾ. ಅವ್ವಗ ಖರೇ ಹೇಳಾಕ ನನಗ ಬಾಯಿ ಬರವಲ್ದು."

"ಬೈಸ್ಕೊಂಡ್ರ ನನ್ನ ಮೈ ಏನ್ ಸವೀತೈತಿ? ಹೋಗಪಾ, ಹೋಗಿ ಉಣ್ಣು" ಎಂದು ಚಾಚಾ ಸೈಕಲ್ ಹತ್ತಿದರು.

ನನಗೇ ತಡೆಯಲಾಗುತ್ತಿರಲಿಲ್ಲ. "ಹೇಳಿಬಿಡಣ್ಣಾ. ಆ ಹಿರೇರು ಇನ್ನೆಷ್ಟು ದಿನ ಬೈಸ್ಕೊಬೇಕು?" ಎಂದು ಜಗಳವಾಡಿದ್ದೆ. ಖಾಸಗಿ ಶಾಲೆಯಲ್ಲಿ ಪಾಠ ಮುಗಿಸಿ ಬಂದಿದ್ದವನು ಅಂಗಿಯ ಮೇಲಿನ ಸೀಮೆಸುಣ್ಣದ ಪುಡಿ ಕೊಡವುತ್ತ, "ಹೇಳಿದ್ರ ಆಕಿ ಮೈಲಾರಕ್ಕ ಹೋಗೋದು ಬಿಡ್ತಾಳ ತಂಗಿ. ನನ್ನ ನೌಕರಿ ಹೋತು, ಇನ್ನ ಆಕಿ ದೇವರೂ ಹೋಗಬೇಕೇನು?" ಎಂದ.

ಕೊಟ್ರೇಶಣ್ಣನಿಗೆ ಕಾಮಾಲೆ ತಗುಲಿತು. ನಾಟಿ ಔಷಧ ಎಂದು ಊರೂರು ಅಲೆದ, ಆಸ್ಪತ್ರೆ ಸೇರುವಷ್ಟರಲ್ಲಿ ಕೈಮೀರಿತ್ತು. ಕೂಡ್ಲಿಗಿಯಿಂದ ನಾನು ಓಡಿ ಬಂದಾಗ ಅವನನ್ನು ಪಡಸಾಲೆಯಲ್ಲಿ ಕೂರಿಸಿ ಹಾರ ಹಾಕಿದ್ದರು. ಗಂಗವ್ವನ ಕಣ್ಣಲ್ಲಿ ಹನಿ ನೀರಿರಲಿಲ್ಲ. ಅಳಿಸಲು ಯಾರೆಷ್ಟು ಯತ್ನಿಸಿದರೂ ಗೋಡೆ ನೋಡುತ್ತ ಕುಳಿತಿದ್ದಳು.

ಆಗ ಹುಸೇನ್ ಚಾಚಾ ಬಂದರು. ನಿವೃತ್ತರಾಗಿ ಕೋಲು ಹಿಡಿದಿದ್ದರು. ಅವರನ್ನು ಕಂಡದ್ದೇ ಗಂಗವ್ವ ಎದ್ದು ನಿಂತಳು. "ಈಗ್ಯಾಕ ಬಂದಿ? ಅವತ್ತು ನೀ ಒಂದಿನ ಮೊದ್ಲ ಮುಟ್ಟಿಸಿದ್ರ ನನ್ನ ಮಗ ಮಾಸ್ತರ ಆಗಿ ಹೋಗ್ತಿದ್ದ!"

ನನಗೆ ಸಹಿಸಲಾಗಲಿಲ್ಲ. "ಅವ್ವಾ, ಚಾಚಾಂದು—" ಎಂದು ಬಾಯಿ ತೆರೆದೆ. ಚಾಚಾ ನನ್ನತ್ತ ನೋಡಿ ಬೇಡವೆಂದು ತಲೆಯಾಡಿಸಿದರು. ಕೋಲನ್ನು ಗೋಡೆಗೆ ಆನಿಸಿ, ಅವಳ ಹತ್ತಿರ ಹೋಗಿ ಕೈ ಮುಗಿದರು.

"ಹೌದಬೇ ಯವ್ವಾ. ನಂದ ತಪ್ಪು. ನಾನ ತಡಾ ಮಾಡಿದೆ."

ಗಂಗವ್ವ ಅವರ ಭುಜಕ್ಕೆ ಹಣೆ ಹಚ್ಚಿ ಗೊಳೋ ಎಂದು ಅತ್ತಳು.