ಹಿಸ್ ಹೈನೆಸ್‌ಗಾಗಿ ಐದು ಭಾನುವಾರ

ನನ್ನ ವಯಸ್ಸಿನ ಹೆಂಗಸರ ಮೊಬೈಲಿನಲ್ಲಿ ಏನೇನಿರುತ್ತದೆಂದು ನಿಮಗೆ ಗೊತ್ತೇ ಇದೆ. ಗುಡ್ ಮಾರ್ನಿಂಗ್ ಹೇಳುವ ಗುಲಾಬಿಗಳು, ಯಾರದೋ ಬರ್ತ್‌ಡೇ ಕೇಕು, ಶುಗರ್ ರಿಪೋರ್ಟಿನ ಫೋಟೊ. ನನ್ನದರಲ್ಲಿ ಇವುಗಳ ಜೊತೆಗೆ ಮುನ್ನೂರ ಹನ್ನೆರಡು ಮಾನ್‌ಸ್ಟರ್‌ಗಳಿವೆ. ಒಂದೊಂದನ್ನೂ ನಾನೇ ನಡೆದುಹೋಗಿ ಹಿಡಿದದ್ದು. ಈ ವಿಷಯ ನಮ್ಮ ಬೀಗರಿಗೆ ಇನ್ನೂ ಗೊತ್ತಿಲ್ಲ. ನೀವೂ ಹೇಳಬೇಡಿ.

ತಪ್ಪು ನನ್ನದಲ್ಲ, ಬಲಗಾಲಿನ ಮಂಡಿಯದು. ಅದನ್ನು ತೆಗೆದು ಹೊಸದು ಕೂಡಿಸಿದ ಮೇಲೆ ಶಿಲ್ಪಾ ಎಂಬ ಫಿಸಿಯೋಥೆರಪಿಸ್ಟ್ ಹುಡುಗಿ ಹೊಸಪೇಟೆಯ ನಮ್ಮ ಮನೆಗೇ ಬರತೊಡಗಿದಳು. ದಿನಕ್ಕೊಂದು ಕಿಲೋಮೀಟರ್ ನಡೆಯಬೇಕೆಂದು ಅವಳ ಆರ್ಡರ್. ನಾನು ಗೇಟಿನ ತನಕ ಹೋಗಿ, ಅಲ್ಲಿ ಹತ್ತು ನಿಮಿಷ ನಿಂತು, ಏದುಸಿರು ಬಿಡುತ್ತ ಒಳಗೆ ಬರುತ್ತಿದ್ದೆ. ಈ ನಾಟಕ ಮೂರನೆಯ ದಿನಕ್ಕೇ ಬಯಲಾಯಿತು. ಅವಳು ಬಯ್ಯಲಿಲ್ಲ. ನನ್ನ ಫೋನು ಇಸಿದುಕೊಂಡು ಅದರೊಳಗೆ ಒಂದು ಗೇಮ್ ಹಾಕಿ ಕೊಟ್ಟಳು. ಫೋನು ಹಿಡಿದು ಬೀದಿಯಲ್ಲಿ ನಡೆದರೆ ಸ್ಕ್ರೀನಿನ ಮ್ಯಾಪಿನಲ್ಲಿ ಪ್ರಾಣಿಗಳು ಏಳುತ್ತವೆ. ಬೆರಳಿನಿಂದ ಒಂದು ಚೆಂಡು ಎಸೆದು ಹಿಡಿಯಬೇಕು. ಮೊದಲ ದಿನ ಬಸ್ ಸ್ಟ್ಯಾಂಡಿನ ಹತ್ತಿರ ಒಂದು ನೇರಳೆ ಬಣ್ಣದ ಓತಿಕ್ಯಾತ ಸಿಕ್ಕಿತು. ಮರುದಿನ ಕಾಲುವೆಯ ಬದಿಯಲ್ಲಿ ಹಲ್ಲಿರುವ ಮೀನು. ವಾರದೊಳಗೆ ನಾನು ಎರಡು ಕಿಲೋಮೀಟರ್ ನಡೆಯುತ್ತಿದ್ದೆ, ಮಂಡಿಗೆ ಗೊತ್ತಾಗದ ಹಾಗೆ.

ಶಿಲ್ಪಾ ಈ ವಿದ್ಯೆಯಲ್ಲಿ ಪಂಡಿತೆ. ನಾಲ್ಕನೆಯ ಕ್ಲಾಸಿನಲ್ಲಿದ್ದಾಗ ಅವಳಪ್ಪ ಕೈಯಲ್ಲಿ ಹಿಡಿದು ಆಡುವ ಮಶೀನೊಂದನ್ನು ತಂದುಕೊಟ್ಟರಂತೆ. ಅಂದಿನಿಂದ ಈ ಸೀರೀಸಿನಲ್ಲಿ ಬಂದ ಒಂದು ಗೇಮನ್ನೂ ಅವಳು ಬಿಟ್ಟಿಲ್ಲ. ಪ್ರತಿ ಗೇಮಿನಲ್ಲೂ ನೂರಾರು ಸಾಮಾನ್ಯ ಪ್ರಾಣಿಗಳು, ಒಂದೇ ಒಂದು ಲೆಜೆಂಡರಿ. ವರ್ಷಗಳ ಮೇಲೆ ಗೇಮು ಬದಲಾದರೂ ಅದೇ ಪ್ರಾಣಿ ಮತ್ತೆ ಹುಟ್ಟಿ ಬರುತ್ತದೆ. ಮೊದಲನೆಯದರಲ್ಲಿ ಜಲಪಾತದ ಹಿಂದಿನ ಗವಿಯ ತುದಿಯಲ್ಲಿ ನಿಂತಿತ್ತಂತೆ. ಅವಸರಪಟ್ಟು ಜೋರಾಗಿ ಹೊಡೆದರೆ ಸತ್ತೇಹೋಗುತ್ತದೆ, ಇನ್ನೊಂದು ಸಲ ಬರುವುದಿಲ್ಲ. ಎರಡನೆಯದರಲ್ಲಿ ನಿಲ್ಲುವುದೇ ಇಲ್ಲ, ಕಂಡ ಕೂಡಲೇ ಮ್ಯಾಪಿನ ಇನ್ನೊಂದು ಮೂಲೆಗೆ ಓಡುತ್ತದೆ. ಮೂರನೆಯದರಲ್ಲಿ ಗವಿಯ ಬಾಗಿಲಿಗೆ ಎರಡು ಕೀಲಿಕೈ, ಅದರಲ್ಲೊಂದು ಇನ್ನೊಬ್ಬ ಆಟಗಾರರ ಹತ್ತಿರ. ಅಂಥವರು ಅವಳಿಗೆ ಸಿಗಲು ಮೂರು ವರ್ಷ ಬೇಕಾಯಿತಂತೆ. ಈ ನಡೆದಾಡುವ ಗೇಮಿನಲ್ಲಿ ಲೆಜೆಂಡರಿ ಬೀದಿಗೇ ಬಂದು ನಿಲ್ಲುತ್ತದೆ. ಆದರೆ ಒಬ್ಬರಿಂದ ಆಗದು, ಕನಿಷ್ಠ ಆರು ಜನ ಒಂದೇ ಜಾಗದಲ್ಲಿ ಒಂದೇ ಹೊತ್ತಿಗೆ ಸೇರಬೇಕು.

ಆ ಪ್ರಾಣಿಯ ಜಪಾನೀ ಹೆಸರಿಗೆ ನನ್ನ ನಾಲಿಗೆ ಹೊರಳದು. ಹಿಮಚಿರತೆಯ ಮೈ, ಆಡಿನ ಕೊಂಬು, ನೆಲ ಗುಡಿಸುವ ಬಾಲ, ಕಣ್ಣಿನಲ್ಲಿ ಭಾರೀ ತಿರಸ್ಕಾರ. ನಾನು ಹುಟ್ಟಿದ ಸಂಡೂರು ಒಂದು ಕಾಲಕ್ಕೆ ಸಂಸ್ಥಾನವಾಗಿತ್ತಲ್ಲ, ಆ ಅಭ್ಯಾಸದಿಂದ ಅದನ್ನು ಹಿಸ್ ಹೈನೆಸ್ ಎಂದೆ. ಗೇಮಾಡುವವರ ವಾಟ್ಸಾಪ್ ಗುಂಪೊಂದಕ್ಕೆ ಶಿಲ್ಪಾ ನನ್ನನ್ನೂ ಸೇರಿಸಿದ್ದಳು, ಅವರೆಲ್ಲ ಹಾಗೇ ಕರೆಯತೊಡಗಿದರು.

ಬಳ್ಳಾರಿಯ ಕಾನ್ವೆಂಟಿನಲ್ಲಿ ಸಿಸ್ಟರ್ ಅಗಸ್ಟಾ ನಮಗೆ ಯೂನಿಕಾರ್ನ್ ಎಂಬ ಒಂಟಿಕೊಂಬಿನ ಕುದುರೆಯ ಪಾಠ ಮಾಡಿದ್ದರು. ನಮ್ಮ ಹಂಪಿಯಲ್ಲೂ ಅಂಥದ್ದಿದೆ, ಸಿಂಹದ ಮೈಗೆ ಆನೆಯ ಸೊಂಡಿಲು, ಯಾಳಿ ಅಂತಾರೆ ಎಂದು ನಾನು ಎದ್ದು ನಿಂತು ಹೇಳಿದ್ದಕ್ಕೆ, ಸಿಟ್ ಡೌನ್ ಎಂದಿದ್ದರು. ಆಮೇಲೆ ಹಂಪಿಗೆ ಹೋದಾಗಲೆಲ್ಲ ಆ ಕಂಬಗಳ ಮುಂದೆ ನಿಂತಿದ್ದೇನೆ. ಯಾವ ಶಿಲ್ಪಿಯೂ ಯಾಳಿಯನ್ನು ಕಂಡವನಲ್ಲ. ಆದರೂ ಉಗುರು, ಹಲ್ಲು, ಕುತ್ತಿಗೆಯ ಕೂದಲು ಎಲ್ಲವನ್ನೂ ಬಿಡಿಸಿದ್ದಾನೆ. ಇಲ್ಲದ ಪ್ರಾಣಿಗೆ ಎಷ್ಟೊಂದು ಕಲ್ಲು ಎಂದು ಮೆಚ್ಚಿಕೊಂಡಿದ್ದೆ. ಇದ್ದು ಹೋದವರಿಗೆ ಎಷ್ಟು ಕಲ್ಲು ಸಿಗುತ್ತದೆಂಬ ಲೆಕ್ಕ ಆಗ ನನ್ನ ತಲೆಗೆ ಬಂದಿರಲಿಲ್ಲ.

ಕಳೆದ ಚಳಿಗಾಲದಲ್ಲಿ ಹಿಸ್ ಹೈನೆಸ್ ನಮ್ಮ ಸೀಮೆಗೆ ಚಿತ್ತೈಸಿದರು. ಐದು ಭಾನುವಾರ, ಬೆಳಗಿನ ಹನ್ನೊಂದಕ್ಕೆ, ಮುಕ್ಕಾಲು ಗಂಟೆಯ ದರ್ಶನ. ಗೇಮಿನವರು ಊರೂರಿನ ಗುಡಿ, ಪ್ರತಿಮೆ, ಪೋಸ್ಟ್ ಆಫೀಸು ಏನಾದರೊಂದನ್ನು ಗುರುತು ಮಾಡಿಕೊಂಡಿರುತ್ತಾರೆ. ನಮ್ಮ ಪಾಲಿಗೆ ಬಂದದ್ದು ವಡ್ಡು ಎಂಬ ಹಳ್ಳಿ ದಾಟಿದ ಮೇಲೆ ಅದಿರು ಲಾರಿಗಳ ರಸ್ತೆಯ ಒಂದು ತಿರುವು. ಮ್ಯಾಪಿನಲ್ಲಿ ಅದರ ಹೆಸರು ‘ಸ್ಮಾಲ್ ಶ್ರೈನ್’, ಪುಟ್ಟ ಗುಡಿ.

ಗುಂಪಿನಲ್ಲಿದ್ದ ಕಂಪ್ಲಿಯ ವೀರೇಶಪ್ಪ ಕಾರು ತಂದರು. ಅವರಿಗೆ ರೈಸ್ ಮಿಲ್ಲಿದೆ, ಹಣೆ ತುಂಬ ವಿಭೂತಿ, ಕೈಯಲ್ಲಿ ಎರಡು ಫೋನು. ಎಮ್ಮಿಗನೂರಿಗೆ ಭತ್ತ ನೋಡಲು ಹೋಗುತ್ತೇನೆಂದು ಮನೆಯಲ್ಲಿ ಹೇಳಿ ಬಂದಿದ್ದರು. ಶಿಲ್ಪಾ ಮತ್ತು ನಾನು ಹಿಂದಿನ ಸೀಟಿನಲ್ಲಿ. ಅಲ್ಲಿಗೆ ಹತ್ತಿರದ ಸ್ಟೀಲ್ ಫ್ಯಾಕ್ಟರಿಯ ಕ್ವಾರ್ಟರ್ಸಿನಿಂದ ಏಳೆಂಟು ಹುಡುಗ ಹುಡುಗಿಯರು ಬೈಕಿನಲ್ಲಿ ಬಂದು ಕೂಡಿಕೊಂಡರು.

ಸೊಂಟದೆತ್ತರದ ಒಂದು ಕಟ್ಟೆ. ಅದರ ಮೇಲೆ ಒಂದಡಿ ಕಲ್ಲು. ಕಲ್ಲಿನಲ್ಲಿ ಎರಡು ಜಡೆಯ ಹುಡುಗಿ, ಎದೆಗೆ ಅವಚಿದ ಪುಸ್ತಕ, ಕೆಳಗೆ ‘ಮಂಜುಳಾ’ ಎಂದಷ್ಟೇ. ಆ ರಸ್ತೆಯಲ್ಲಿ ಬೇವಿನ ಎಲೆ ಕೆಂಪು, ನಾಯಿ ಕೆಂಪು, ಕರೆಂಟಿನ ಕಂಬ ಕೆಂಪು. ಆ ಕಲ್ಲೊಂದು ಮಾತ್ರ ತೊಳೆದ ತಟ್ಟೆಯ ಹಾಗಿತ್ತು. ಎದುರಿಗೊಂದು ಚಹಾದ ಡಬ್ಬಿ ಅಂಗಡಿ. ಅದರೊಳಗೆ ಕೂತ ಹೆಂಗಸು ನಮ್ಮನ್ನೇ ನೋಡುತ್ತಿದ್ದಳು. ನಾವು ಅವಳನ್ನು ನೋಡಲಿಲ್ಲ, ಹನ್ನೊಂದಾಗಿತ್ತು.

ಮೊದಲ ಭಾನುವಾರ ಹಿಸ್ ಹೈನೆಸ್ ಎಲ್ಲರ ಚೆಂಡಿನಿಂದಲೂ ಜಾರಿಕೊಂಡರು. ಎರಡನೆಯ ಭಾನುವಾರ ಹೋದರೆ ಕಟ್ಟೆಯ ಮುಂದೆ ನೀರು ಹಾಕಿ ರಂಗೋಲಿ ಎಳೆದಿತ್ತು. ನನಗೆ ಕೂರಲು ಬೆಂಚು ಬಂತು, ಎಲ್ಲರಿಗೂ ಕೇಳದೆಯೇ ಚಹಾ ಬಂತು. ಅಂಗಡಿಯವಳ ಹೆಸರು ಹುಲಿಗೆಮ್ಮ ಎಂದು ಗೊತ್ತಾಯಿತು. ಭಾಳ ಚಲೋ ಹೆಣ್ಮಗಳು ಎಂದು ವೀರೇಶಪ್ಪ ಸರ್ಟಿಫಿಕೇಟ್ ಕೊಟ್ಟರು. ಆ ದಿನ ಇಬ್ಬರು ಹುಡುಗಿಯರಿಗೆ ಪ್ರಾಣಿ ಸಿಕ್ಕಿತು. ಸಿಕ್ಕವರು ಮತ್ತೆ ಬರುವ ಕಾರಣವಿಲ್ಲ, ಒಬ್ಬರಿಗೆ ಒಂದೇ. ಮೂರನೆಯ ವಾರ ಅವರಿಬ್ಬರನ್ನು ಕಾಣದೆ ಹುಲಿಗೆಮ್ಮ ಮೆಲ್ಲಗೆ ನನ್ನನ್ನು ವಿಚಾರಿಸಿದಳು.

“ಆ ಕನ್ನಡಕದ ಹುಡುಗೇರು ಬರಲಿಲ್ಲಲ್ರಿ ಅಮ್ಮಾರ. ಅವರು ಬೇಡ್ಕೊಂಡಿದ್ದು ಆತೇನ್ರಿ?”

ನಾನು ಅರ್ಥವಾಗದೆ ನೋಡಿದೆ. ಆಗ ಅವಳೇ ಬೆಂಚಿನ ತುದಿಗೆ ಕೂತು ಹೇಳಿದಳು. ಮಂಜುಳಾ ಅವಳ ಮಗಳು. ನಾಲ್ಕು ವರ್ಷದ ಹಿಂದೆ, ಸೆಕೆಂಡ್ ಪಿಯುಸಿಯಲ್ಲಿದ್ದಾಗ, ಇದೇ ತಿರುವಿನಲ್ಲಿ ಕಾಲೇಜಿನ ಬಸ್ಸಿಗೆ ನಿಂತಿದ್ದಳು. ಲಾರಿ ಬಂತು. ಇಷ್ಟನ್ನೇ ಹೇಳಿದಳು. ಮನೆಯಲ್ಲಿ ಕೂತು ಏನು ಮಾಡುವುದೆಂದು ಇಲ್ಲಿಗೇ ಬಂದು, ಕಲ್ಲು ನಿಲ್ಲಿಸಿ, ಎದುರಿಗೆ ಅಂಗಡಿ ಹಾಕಿದಳಂತೆ. ದಿನಕ್ಕೆ ಮೂರು ಸಲ ಕಲ್ಲು ತೊಳೆಯುತ್ತಾಳೆ. ನಾಲ್ಕು ವರ್ಷದಲ್ಲಿ ಅದರ ಮುಂದೆ ಇನ್ನೊಬ್ಬರು ನಿಂತದ್ದನ್ನು ಕಂಡಿರಲಿಲ್ಲ.

“ಈಗ ನೋಡ್ರಿ,” ಅಂದಳು. “ಆಕೀಗೆ ಮಂದಿ ನಡಕೊಳ್ಳಾಕ ಹತ್ಯಾರ.”

ನಡಕೊಳ್ಳುವುದೆಂದರೆ ನಮ್ಮ ಕಡೆ ಏನೆಂದು ಹೇಳಬೇಕು. ಮನಸ್ಸಿನಲ್ಲೊಂದು ಬೇಡಿಕೆ ಇಟ್ಟುಕೊಂಡು, ಐದು ವಾರ, ಅದೇ ದಿನ, ಅದೇ ಹೊತ್ತಿಗೆ ಒಂದು ದೇವರ ಮುಂದೆ ಹೋಗಿ ನಿಲ್ಲುವುದು. ಸತ್ತವರ ಆತ್ಮಕ್ಕೂ ಹಾಗೆ ನಡಕೊಳ್ಳುವವರಿದ್ದಾರೆ. ನಾನು ನಮ್ಮ ಗುಂಪನ್ನು ಅವಳ ಅಂಗಡಿಯೊಳಗಿನಿಂದ ನೋಡಲು ಪ್ರಯತ್ನಿಸಿದೆ. ಕಲ್ಲಿನ ಸುತ್ತ ಅರ್ಧಚಂದ್ರ. ಎಲ್ಲರ ತಲೆ ಬಗ್ಗಿದೆ. ಬೆರಳು ಜಪಮಣಿ ಎಣಿಸಿದಂತೆ ಆಡುತ್ತಿದೆ. ಒಬ್ಬರು ಕಣ್ಣು ಮುಚ್ಚಿ ಏನೋ ಗೊಣಗುತ್ತಾರೆ, ಇನ್ನೊಬ್ಬರು ನಿಟ್ಟುಸಿರು ಬಿಡುತ್ತಾರೆ. ವೀರೇಶಪ್ಪನವರ ವಿಭೂತಿ ಬೇರೆ. ವಡ್ಡುವಿನ ಭಜನಾ ಮಂಡಳಿಯೂ ಇಷ್ಟು ಶ್ರದ್ಧೆಯಿಂದ ನಿಲ್ಲಲಿಕ್ಕಿಲ್ಲ.

ವಾಪಸು ದಾರಿಯಲ್ಲಿ ಶಿಲ್ಪಾಗೆ ಹೇಳಿದೆ. ಅವಳು, ಹೇಳಿಬಿಡೋಣೇನ್ರಿ ಆಂಟಿ ಎಂದಳು. ಮುಂದಿನ ವಾರ ಎಂದೆ. ಟೆಲ್ ದ ಟ್ರೂತ್ ಆ್ಯಂಡ್ ಶೇಮ್ ದ ಡೆವಿಲ್ ಎಂದು ಹನ್ನೊಂದು ವರ್ಷ ಕಾಪಿ ಬರೆದ ಕೈ ನನ್ನದು. ಆ ಡೆವಿಲ್ ಯಾರೆಂದು ಕಾನ್ವೆಂಟಿನಲ್ಲಿ ಸ್ಪಷ್ಟವಿತ್ತು.

ನಾಲ್ಕನೆಯ ವಾರ ಕಟ್ಟೆಯ ಮೇಲೆ ಕೆಂಪು ಪೇಂಟಿನ ಅಡ್ಡಗೆರೆ ಬಿದ್ದಿತ್ತು. ರಸ್ತೆ ಅಗಲ ಮಾಡುತ್ತಾರೆ, ಕಲ್ಲು ಎತ್ತಬೇಕೆಂದು ರಸ್ತೆ ಇಲಾಖೆಯವರು ಹೇಳಿಹೋಗಿದ್ದರು. ಎರಡು ವಾರ ಬಿಟ್ಟು, ಭಾನುವಾರವೇ, ಎಂಜಿನಿಯರ್ ಖುದ್ದಾಗಿ ನೋಡಲು ಬರುತ್ತಾರಂತೆ. ಹುಲಿಗೆಮ್ಮ ಅಳಲಿಲ್ಲ. ಅವಳ ಬಳಿ ಪ್ಲಾನ್ ಇತ್ತು.

“ಬರೇ ಕಲ್ಲಾದ್ರ ಎತ್ತಿ ಒಗೀತಾರ್ರಿ. ಮಂದಿ ನಡಕೊಳ್ಳೋ ಕಲ್ಲಾದ್ರ ಕೈ ಹಚ್ಚಾಕ ಅಂಜ್ತಾರ. ನೀವು ಇಂಗ್ಲಿಷ್‌ನ್ಯಾಗ ಒಂದು ಬರಕೊಡ್ರಿ, ಕಂಪ್ಲಿಯಿಂದ, ಹೊಸಪೇಟಿಯಿಂದ ಭಕ್ತರು ಬರ್ತಾರಂತ.”

ದೇಶದ ಆಡಳಿತವನ್ನು ಇಷ್ಟು ಚೆನ್ನಾಗಿ ತಿಳಿದವರನ್ನು ನಾನು ಬೇರೆ ಕಂಡಿಲ್ಲ. ಕಾಗದವೆಂದು ಅವಳು ತಂದದ್ದು ಮಂಜುಳಾಳ ಬಯಾಲಜಿ ನೋಟ್‌ಬುಕ್. ಖಾಲಿ ಹಾಳೆಯ ಎದುರು ಪುಟದಲ್ಲಿ ಒಂದು ದಾಸವಾಳ, ಪೆನ್ಸಿಲಿನದು, ಅರ್ಧ ಕತ್ತರಿಸಿ ಒಳಗಿನದೆಲ್ಲ ಕಾಣುವ ಹಾಗೆ. ಮೂರು ಭಾಗಕ್ಕೆ ಬಾಣದ ಗುರುತು ಹಾಕಿ ಹೆಸರು ಬರೆದಿದ್ದಳು. ನಾಲ್ಕನೆಯ ಬಾಣಕ್ಕೆ ಹೆಸರಿರಲಿಲ್ಲ.

ನಾನು ಬರೆದೆ. ‘ಇಟ್ ಈಸ್ ಮೋಸ್ಟ್ ಹಂಬ್ಲಿ ಸಬ್ಮಿಟೆಡ್’ ಎಂದು ಶುರುಮಾಡಿ, ಸದರಿ ಶಿಲೆಯು ಮೂರು ತಾಲ್ಲೂಕುಗಳ ಜನರಿಂದ ನಿಯಮಿತವಾಗಿ ಪೂಜಿಸಲ್ಪಡುತ್ತಿದೆ ಎಂಬ ತನಕ. ಸಿಸ್ಟರ್ ಅಗಸ್ಟಾ ಹ್ಯಾಂಡ್‌ರೈಟಿಂಗಿಗೆ ಹತ್ತಕ್ಕೆ ಹತ್ತು ಕೊಡುತ್ತಿದ್ದರು. ಶಿಲ್ಪಾ ಸಾಕ್ಷಿ ಹಾಕಿದಳು. ವೀರೇಶಪ್ಪ ಓದದೆ ಸಹಿ ಮಾಡಿ ಪ್ರಾಣಿಯ ಕಡೆ ತಿರುಗಿದರು.

ಐದನೆಯ ಭಾನುವಾರ ಹೊಸ ಮುಖಗಳೂ ಇದ್ದವು. ಕೊನೆಯ ದಿನವಲ್ಲವೇ. ಹನ್ನೊಂದೂವರೆಗೆ ನನ್ನ ಚೆಂಡು ಮೂರು ಸಲ ಅಲುಗಾಡಿ ಗಪ್ಪನೆ ಮುಚ್ಚಿಕೊಂಡಿತು. ಹಿಸ್ ಹೈನೆಸ್ ನನ್ನ ಹ್ಯಾಂಡ್‌ಬ್ಯಾಗಿನ ಪ್ರಜೆಯಾದರು. ನಾನು ಸಂತೋಷಪಟ್ಟೆ ಎಂದು ಒಪ್ಪಿಕೊಳ್ಳಬೇಕು, ಚಿಕ್ಕ ಹುಡುಗಿಯ ಹಾಗೆ. ಸುತ್ತ ಎಲ್ಲರಿಗೂ ಸಿಕ್ಕಿತ್ತು. ಹೊರಡುವಾಗ ಹುಲಿಗೆಮ್ಮ ಪ್ರತಿಯೊಬ್ಬರಿಗೂ ಮುಂದಿನ ವಾರ ತಪ್ಪದೆ ಬರಲು ಹೇಳಿದಳು. ಎಲ್ಲರೂ ಹೂಂ ಎಂದರು.

ಆರನೆಯ ಭಾನುವಾರ ಶಿಲ್ಪಾ, ನಾನು, ಇಬ್ಬರೇ. ವೀರೇಶಪ್ಪನವರಿಗೆ ನಿಜವಾಗಿಯೂ ಭತ್ತವಿತ್ತು. ಹುಡುಗರು ಗ್ರೂಪಿನಲ್ಲಿ ಬಹಳ ಮರ್ಯಾದೆಯಿಂದ, ಈಗ ಅಲ್ಲಿ ಏನೂ ಇಲ್ಲವಲ್ಲ ಆಂಟಿ ಎಂದು ಬರೆದಿದ್ದರು. ಬಸ್ಸಿಳಿದು ನೋಡಿದರೆ ಹುಲಿಗೆಮ್ಮ ಇಪ್ಪತ್ತು ಜನಕ್ಕಾಗುವಷ್ಟು ಮಂಡಕ್ಕಿ ಒಗ್ಗರಣೆ ಮಾಡಿಟ್ಟು, ಕಲ್ಲಿಗೆ ಹೊಸ ಕುಪ್ಪಸದ ಖಣ ಉಡಿಸಿ ನಿಂತಿದ್ದಳು. ಎರಡು ಸಲ ರಸ್ತೆಯ ಎರಡೂ ಕಡೆ ನೋಡಿದಳು. ಆಮೇಲೆ ನೋಡಲಿಲ್ಲ.

ಎಂಜಿನಿಯರ್ ಕೆಟ್ಟವರಲ್ಲ. ಜೀಪಿನಿಂದ ಇಳಿದು, ಚಪ್ಪಲಿ ಬಿಟ್ಟು, ಕಲ್ಲಿಗೆ ಕೈಮುಗಿದರು. ಹುಲಿಗೆಮ್ಮ ಕೊಟ್ಟ ನನ್ನ ಪತ್ರವನ್ನು ಪೂರ್ತಿ ಓದಿ, ಇಂಥ ಇಂಗ್ಲಿಷ್ ಈಗ ಯಾರೂ ಬರೆಯೋದಿಲ್ಲ ಎಂದರು. ನಂತರ ನನ್ನ ಮುಖ ನೋಡಿ ಸಂಕೋಚದಿಂದ ದನಿ ತಗ್ಗಿಸಿದರು.

“ತಪ್ಪು ತಿಳೀಬ್ಯಾಡ್ರಿ ಮೇಡಂ. ಹೋದ ವಾರ ನನ್ನ ಮಗಳೂ ಇಲ್ಲಿಗೆ ಬಂದಿದ್ಲು. ಆ ಪ್ರಾಣಿ ಸಿಕ್ತಂತ ಮನಿ ತುಂಬ ಕುಣಿದ್ಲು.”

ದನಿ ತಗ್ಗಿಸಿದ್ದು ಸಾಲದಾಯಿತು. ಯಾವ ಪ್ರಾಣಿ ಎಂದು ಹುಲಿಗೆಮ್ಮ ಕೇಳಿದಳು. ನಾನು ಹೇಳಬೇಕಾಗಿದ್ದದ್ದನ್ನು ಅವರೇ ವಿವರಿಸಿದರು. ಫೋನು, ಗೇಮು, ಕಣ್ಣಿಗೆ ಕಂಡರೂ ಅಲ್ಲಿರದ ಪ್ರಾಣಿ, ಅದನ್ನು ಹಿಡಿಯಲು ಕೂಡುವ ಜನ. ಮಗುವಿಗೆ ಹೇಳುವಷ್ಟು ನಿಧಾನವಾಗಿ ಹೇಳಿದರು. ಕಲ್ಲನ್ನು ಒಡೆಯುವುದಿಲ್ಲ, ಮೂವತ್ತು ಹೆಜ್ಜೆ ಒಳಗೆ ಚರಂಡಿಯ ಆಚೆ ಇಡಿಸುತ್ತೇನೆ ಎಂದು ಮಾತು ಕೊಟ್ಟರು. ಪತ್ರವನ್ನು ಮಡಿಸಿ ನನ್ನ ಕೈಗೇ ವಾಪಸು ಕೊಟ್ಟು ಹೋದರು.

ಜೀಪಿನ ಧೂಳು ಕಲ್ಲಿನ ಮೇಲೆ ಕೂತಿತು. ಹುಲಿಗೆಮ್ಮ ಖಣ ಬಿಚ್ಚಿ ಹೆಗಲಿಗೆ ಹಾಕಿಕೊಂಡು, ಬಕೀಟು ತಂದು ತೊಳೆಯಲು ಕೂತಳು. ಶಿಲ್ಪಾ ಬೇವಿನ ಮರದ ಹಿಂದೆ ಹೋಗಿ ಅತ್ತಳು. ನಾನು ಎರಡು ಭಾಷೆಯಲ್ಲಿ ತಡಕಾಡಿದೆ. ಸಾರಿ ಎನ್ನುವುದು ಬಸ್ಸಿನಲ್ಲಿ ಕಾಲು ತುಳಿದಾಗ ಹೇಳುವ ಮಾತು. ಕ್ಷಮಿಸು ಎನ್ನುವುದನ್ನು ನಾನು ಬಾಯಿಬಿಟ್ಟು ಯಾರಿಗೂ ಹೇಳಿದ ನೆನಪಿಲ್ಲ.

ಹುಲಿಗೆಮ್ಮ ಕಲ್ಲಿನ ಎರಡು ಜಡೆಯ ಸಂದಿನಲ್ಲಿ ಬೆರಳಾಡಿಸಿ ಕೆಂಪು ತೆಗೆಯುತ್ತಿದ್ದಳು. ತಿರುಗದೆಯೇ ಕೇಳಿದಳು.

“ಅದು ನಿಮಗ ಸಿಕ್ತೇನ್ರಿ ಅಮ್ಮಾರ?”

ನನ್ನ ಬ್ಯಾಗು ತೊಡೆಯ ಮೇಲಿತ್ತು.

“ಇಲ್ಲ,” ಎಂದೆ.

ಅವಳು ಒಂದು ತಂಬಿಗೆ ನೀರು ಸುರಿದಳು. ಇನ್ನೊಂದು ಸುರಿದಳು.

“ಹಂಗಾದ್ರ ಮುಂದಿನ ಐತವಾರ ಬರ್ರಿ.”

ಬಸ್ಸಿನಲ್ಲಿ ಕೂತು ಫೋನು ತೆಗೆದೆ. ಹಿಡಿದ ಪ್ರಾಣಿಯನ್ನು ಬಿಟ್ಟುಬಿಡಲೂ ಆ ಗೇಮಿನಲ್ಲೊಂದು ಬಟನ್ ಇದೆ, ಯಾರೂ ಒತ್ತುವುದಿಲ್ಲ. ಆರ್ ಯೂ ಶ್ಯೂರ್ ಎಂದು ಅದು ಎರಡು ಸಲ ಕೇಳಿತು. ಗೇಮುಗಳ ಎಲ್ಲ ಗವಿಗಳಲ್ಲೂ ಅದನ್ನು ಹುಡುಕಿ ಹಿಡಿದ ಶಿಲ್ಪಾ ಪಕ್ಕದಲ್ಲಿ ಕೂತು ನೋಡುತ್ತಿದ್ದಳು, ತಡೆಯಲಿಲ್ಲ. ಒತ್ತಿದೆ. ಹೇಳಿಬಿಟ್ಟ ಸುಳ್ಳನ್ನು ನಿಜ ಮಾಡಿಕೊಳ್ಳಲು ಕಾನ್ವೆಂಟಿನಲ್ಲಿ ಕಲಿಸಿರಲಿಲ್ಲ, ಒಂದೇ ಬೆರಳಿನ ಕೆಲಸ ಅದು. ಅಂದಿನಿಂದ ಭಾನುವಾರ ಹನ್ನೊಂದಕ್ಕೆ ಚರಂಡಿಯಾಚೆಯ ಆ ಕಲ್ಲಿನ ಮುಂದೆ ಹೋಗಿ ನಿಲ್ಲುತ್ತೇನೆ. ಇನ್ನೂ ಸಿಕ್ಕಿಲ್ಲ.