ಮುಳಬಾಗಿಲ ಬಸ್ಸಿಗೆ ಒಂದ್ರಿ

ಬಂದ ಮೂರನೆಯ ದಿನ ಸೀನಿದೆ, ಕರವಸ್ತ್ರ ಕೆಂಪಾಯಿತು. ರಕ್ತವೆಂದು ಹೆದರಿ ಕೂತುಬಿಟ್ಟೆ. ಮನೆಯೊಡತಿ ಮುನಿಯಮ್ಮ ಬಗ್ಗಿ ನೋಡಿ, "ಧೂಳು ಕಣಪ್ಪ. ನಮ್ ಮುಳಬಾಗ್ಲು ನಿನ್ನ ಮೂಗಿನೊಳಕ್ಕೆ ಬಂತು" ಎಂದಳು. ಮೂರನೆಯ ದಿನವೋ ಐದನೆಯದೋ, ಈಗ ಆಣೆಯಿಟ್ಟು ಹೇಳಲಾರೆ.

ಕುಂದಾಪುರದ ನಿಮಗೆ ಹೇಗೆ ತಿಳಿಸಲಿ? ನಮ್ಮ ಗಾಳಿ ಒದ್ದೆ. ಕಬ್ಬಿಣವನ್ನು ಹೊರಗಿನಿಂದ ತಿನ್ನುತ್ತದೆ. ಇಲ್ಲಿನ ಒಣಗಾಳಿ ಎಂಜಿನ್ನಿನೊಳಗೆ ಹೊಕ್ಕು ಉಜ್ಜುತ್ತದೆ. ನಾನು ಮುಳಬಾಗಿಲಿನಿಂದ ಶ್ರೀನಿವಾಸಪುರಕ್ಕೆ ಓಡುವ ಬಸ್ಸಿನ ಮೆಕ್ಯಾನಿಕ್. ಎಂಜಿನ್ನಿಗೆ ಗಾಳಿ ಸೋಸಿ ಕೊಡುವ ಡಬ್ಬಿ ಕಲ್ಲುದಾರಿಯಲ್ಲಿ ಅದುರಿ ಅದುರಿ ಒಡೆದುಹೋಗಿತ್ತು. ಯುದ್ಧದ ಕಾಲ, ಹೊಸದು ಬೆಂಗಳೂರಲ್ಲೂ ಇಲ್ಲ. ಮಾಲೀಕರು ಅಂದದ್ದು ಇಷ್ಟೇ: "ಶುಕ್ರವಾರ ಗಾಡಿ ಓಡ್ಬೇಕು. ಇಲ್ಲಾಂದ್ರೆ ನೀವು ನಿಮ್ಮೂರಿಗೆ ಹೊರಡಿ."

ಪೆಟ್ರೋಲಿಗೆ ಗಾಳಿ ಬೆರೆಸುವ ಕಾರ್ಬೊರೇಟರಿನ ಬಾಯಿಯನ್ನು ದಾರದಿಂದ ಅಳೆದು, ಕೂದಲೆಳೆಯಷ್ಟೂ ಹೆಚ್ಚುಕಡಿಮೆಯಿಲ್ಲದಂತೆ ಎರಡು ಪದರ ಬಟ್ಟೆ ಬಿಗಿದೆ. ಆ ಅಚ್ಚುಕಟ್ಟಿಗೆ ನಾನೇ ಬೀಗಿದೆ. ಬುಧವಾರ ಪರೀಕ್ಷೆಗೆ ಹೊರಟ ಬಸ್ಸು ಊರಾಚೆಯ ಏರಿನಲ್ಲಿ ಕರಿಹೊಗೆ ಕಾರಿ ನಿಂತಿತು. ಡ್ರೈವರ್ ವೆಂಕಟಪ್ಪ ಇಳಿದು ಬಾನೆಟ್ ಎತ್ತಿದ.

"ಏನ್ಲಾ ಸಮುದ್ರದೋನೆ, ಮೂತಿಗೆ ಬಟ್ಟೆ ಬಿಗಿದು ಏರು ಹತ್ತು ಅಂದ್ರೆ ನೀನು ಹತ್ತೀಯಾ?"

ಮರುದಿನ ಬೆಳಿಗ್ಗೆ ಪೆಟ್ಟಿಗೆ ಕಟ್ಟುತ್ತಿದ್ದೆ. ಜಗಲಿಯಲ್ಲಿ ಮುನಿಯಮ್ಮ ರಾಗಿಹಿಟ್ಟಿಗೆ ಒಂದ್ರಿ ಹಿಡಿಯುತ್ತಿದ್ದಳು. ಒಂದ್ರಿ ಎಂದರೆ ಹಿಟ್ಟು ಸೋಸುವ ನುಣ್ಣನೆ ಜರಡಿ. ಊಟದ ತಟ್ಟೆಗಿಂತ ಅಗಲ.

"ಇಷ್ಟು ದೊಡ್ಡದು ಯಾಕಮ್ಮ?"

"ಸಣ್ಣದಾದ್ರೆ ಎರಡು ಹಿಡಿಗೇ ಕಟ್ಕೊಳ್ತದೆ ನಾಯ್ನಾ. ಹಿಟ್ಟು ಹರಡ್ಕೋಬೇಕು. ಅಂಚು ಮಾತ್ರ ಬಿಟ್ಕೊಂಡಿರಬಾರ್ದು, ತೌಡೆಲ್ಲ ಕೆಳಕ್ಕೆ ಬೀಳ್ತದೆ."

ನಾಯ್ನಾ ಎಂದರೆ ತೆಲುಗಿನಲ್ಲಿ ಅಪ್ಪ; ಇಲ್ಲಿ ಮಗನನ್ನೂ ಹಾಗೆ ಕರೆಯುತ್ತಾರೆ. ಅವಳು ಇದೇ ಮಾತು ಆಡಿದಳೋ, ಆಮೇಲೆ ನಾನೇ ಜೋಡಿಸಿಕೊಂಡೆನೋ. ಒಂದ್ರಿ ಮಾತ್ರ ನಿಜ. ಬೇಡಿ ಈಸಿಕೊಂಡೆ. ಅದರ ಕೆಳಗೆ ತಗಡಿನ ಆಲಿಕೆ ಕೂರಿಸಿ, ಕಿರಿದಾದ ತುದಿಯನ್ನು ಕಾರ್ಬೊರೇಟರಿನ ಬಾಯಿಗೆ ಬಿಗಿದೆ. ಅಂಚಿಗೆ ಸೈಕಲ್ ಟ್ಯೂಬು ಸುತ್ತಿ, ಧೂಳು ಅಂಟಿಕೊಳ್ಳಲೆಂದು ಜರಡಿಗೆ ಎಣ್ಣೆ ಸವರಿದೆ. ನಾನು ಅಳೆದದ್ದು ಬಾಯಿಯನ್ನು, ಅಳೆಯಬೇಕಾದದ್ದು ಧೂಳನ್ನು.

ಒಂದ್ರಿಯ ಅಗಲಕ್ಕೆ ಬಾನೆಟ್ ಮುಚ್ಚಲಿಲ್ಲ. ಶುಕ್ರವಾರ ಒಂದು ಮಗ್ಗುಲು ತೆರೆದುಕೊಂಡೇ ಬಸ್ಸು ಏರು ಹತ್ತಿತು. "ರಾಗಿ ಮುದ್ದೆನೂ ಕಟ್ತದೇನ್ಲಾ ಇದು?" ಎಂದ ವೆಂಕಟಪ್ಪ. ಪೆಟ್ಟಿಗೆ ಬಿಚ್ಚಿದೆ.

ಮೊನ್ನೆ ರಜೆಗೆ ಊರಿಗೆ ಬಂದಿದ್ದೆ. ಅಮ್ಮ ಕುಚ್ಚಲಕ್ಕಿ ಗಂಜಿ ಬಡಿಸಿದರು. ಕೈ ಮುದ್ದೆ ಹುಡುಕಿತು. ಅಂಗಳಕ್ಕಿಳಿದು ಸೀನಿದೆ. ಕರವಸ್ತ್ರ ಬೆಳ್ಳಗೇ ಇತ್ತು. ತಿರುವಿ ಇನ್ನೊಮ್ಮೆ ನೋಡಿದೆ.